ಹೆಬ್ಬೆಟ್ಟಿಗೂ ಒಂದು ಬೀಗ

(ಸುವರ್ಣ ಮಹೋತ್ಸವದ ಅಂಗವಾಗಿ ನಡೆದ ಹಳೆಯ ವಿದ್ಯಾರ್ಥಿಗಳ ಸಮ್ಮಿಲನದಲ್ಲಿ ಮಾಡಿದ ಭಾಷಣದ ಬರಹ ರೂಪ)



ಮೊಬೈಲ್, ಕಂಪ್ಯೂಟರುಗಳ ದುರ್ಬಳಕೆ ಮತ್ತು ಅದಕ್ಕಿರುವ ಕಾನೂನು ಕುರಿತು ಮಾತಾಡಬೇಕೆಂದು ಸಮಿತಿಯವರು ಹೇಳಿದ್ದಾರೆ. ವಕೀಲನ ಕೈಗೆ ಮೈಕು ಕೊಟ್ಟರೆ ಏನಾಗುತ್ತದೆಂದು ಅವರಿಗೂ ಗೊತ್ತು. ಹಾಗಾಗಿ ಊಟದ ಹೊತ್ತಿಗೆ ಮೊದಲೇ ಮುಗಿಸಬೇಕೆಂದೂ ಹೇಳಿದ್ದಾರೆ. ನಾನು ಕಲಮುಗಳನ್ನು ಪಾಠದಂತೆ ಒಪ್ಪಿಸುವುದಿಲ್ಲ. ನಮ್ಮ ಕಡೆ ಏನು ನಡೆಯುತ್ತಿದೆ, ಯಾವ ಕಾನೂನು ನಮ್ಮ ಬೆನ್ನಿಗಿದೆ, ನಾಳೆ ಬೆಳಿಗ್ಗೆ ನಾವು ಏನು ಮಾಡಬಹುದು, ಈ ಮೂರನ್ನು ಮಾತ್ರ ಹೇಳುತ್ತೇನೆ.

ಈ ಶಾಲೆ ಶುರುವಾದ ಕಾಲದಲ್ಲಿ ನಮ್ಮ ಅಪ್ಪ ಅವ್ವಂದಿರಲ್ಲಿ ಬಹಳಷ್ಟು ಜನ ಹೆಬ್ಬೆಟ್ಟು ಒತ್ತುವವರೇ. 'ಹೆಬ್ಬೆಟ್ಟು' ಅಂದರೆ ಓದು ಬಾರದವರು ಎಂದು ಹಂಗಿಸುವ ಮಾತಾಗಿತ್ತು. ಶಾಲೆಗೆ ಬಂದ ಮಕ್ಕಳು ಮನೆಗೆ ಹೋಗಿ ಅವ್ವನಿಗೆ ಸಹಿ ಕಲಿಸಿದ್ದುಂಟು. ಈಗ ಕಾಲ ತಿರುಗಿದೆ. ನ್ಯಾಯಬೆಲೆ ಅಂಗಡಿಯಲ್ಲಿ ಅಕ್ಕಿಗೆ ಬೆರಳು, ಪಿಂಚಣಿಗೆ ಬೆರಳು, ಸಿಮ್ ಕೊಳ್ಳಲು ಬೆರಳು, ಸಬ್‌ರಿಜಿಸ್ಟ್ರಾರ್ ಕಚೇರಿಯಲ್ಲಿ ಕ್ರಯಕ್ಕೆ ಬೆರಳು. ಓದಿದವರು, ಓದದವರು ಎಲ್ಲರೂ ಮತ್ತೆ ಹೆಬ್ಬೆಟ್ಟಿನವರೇ. ಹೆಬ್ಬೆಟ್ಟು ಈಗ ಕೀಲಿಕೈ ಆಗಿದೆ. ಕೀಲಿಕೈ ಕಳೆದರೆ ಬೀಗ ಬದಲಾಯಿಸಬಹುದು. ಹೆಬ್ಬೆಟ್ಟನ್ನು ಬದಲಾಯಿಸುವುದು ಹೇಗೆ?

ಇದು ಬರೀ ಭಯ ಹುಟ್ಟಿಸುವ ಮಾತಲ್ಲ. 2023ರಲ್ಲಿ ಬೆಂಗಳೂರಿನಲ್ಲಿ ಬೆಳಕಿಗೆ ಬಂದ ಪ್ರಕರಣಗಳನ್ನು ನೀವು ಪತ್ರಿಕೆಯಲ್ಲಿ ಓದಿರಬಹುದು. ಆಸ್ತಿ ನೋಂದಣಿ ಮಾಡಿಸಿದ ಕೆಲವರ ಬ್ಯಾಂಕ್ ಖಾತೆಯಿಂದ ಹಣ ಹೋಗತೊಡಗಿತು. ಅವರು ಯಾರಿಗೂ ಓಟಿಪಿ ಹೇಳಿರಲಿಲ್ಲ, ಯಾವ ಲಿಂಕನ್ನೂ ಒತ್ತಿರಲಿಲ್ಲ. ಪೊಲೀಸರು ಜಾಡು ಹಿಡಿದಾಗ ತಿಳಿದದ್ದು ಇಷ್ಟು: ಕಾವೇರಿ ಜಾಲತಾಣದಿಂದ ಕ್ರಯಪತ್ರಗಳ ಪ್ರತಿ ಪಡೆದು, ಅದರಲ್ಲಿದ್ದ ಬೆರಳಚ್ಚು ಮತ್ತು ಆಧಾರ್ ಸಂಖ್ಯೆಯನ್ನು ತೆಗೆದುಕೊಂಡು, ಬೆರಳಿನ ಅಚ್ಚು ತಯಾರಿಸಿ, ಆಧಾರ್ ಆಧಾರಿತ ಪಾವತಿ ವ್ಯವಸ್ಥೆಯ ಮೂಲಕ ಹಣ ತೆಗೆದಿದ್ದರು. ಈ ವ್ಯವಸ್ಥೆಯನ್ನು ಎಇಪಿಎಸ್ ಎನ್ನುತ್ತಾರೆ. ಹಳ್ಳಿಗೆ ಬ್ಯಾಂಕ್ ಮಿತ್ರರು ಚಿಕ್ಕ ಯಂತ್ರ ಹಿಡಿದು ಬಂದು ಹಣ ಕೊಡುತ್ತಾರಲ್ಲ, ಅದೇ. ಅದಕ್ಕೆ ಬೇಕಾದದ್ದು ಮೂರೇ: ಆಧಾರ್ ಸಂಖ್ಯೆ, ಬ್ಯಾಂಕಿನ ಹೆಸರು, ಬೆರಳಚ್ಚು. ಬ್ಯಾಂಕಿಗೆ ಹೋಗಲಾರದ ಮುದುಕರಿಗೆ ಅದು ದೊಡ್ಡ ಉಪಕಾರ. ಕಳ್ಳನಿಗೂ ಅಷ್ಟೇ ಉಪಕಾರ.

ನಮ್ಮ ತಾಲ್ಲೂಕಿನಲ್ಲಿ ಎಷ್ಟು ಜಮೀನು ಕೈ ಬದಲಾಗಿದೆ ಎಂದು ನಾನು ಹೇಳಬೇಕಾಗಿಲ್ಲ. ವಿಮಾನ ನಿಲ್ದಾಣ ಬಂದ ಮೇಲೆ, ಕಾರ್ಖಾನೆ, ಬಡಾವಣೆ ಬಂದ ಮೇಲೆ, ಕ್ರಯಪತ್ರದಲ್ಲಿ ಬೆರಳೊತ್ತದ ಮನೆ ಕಡಿಮೆ. ಅಂದಮೇಲೆ ಈ ವಿಷಯ ಬೆಂಗಳೂರಿನದಷ್ಟೇ ಅಲ್ಲ, ನಮ್ಮದೂ ಹೌದು.

ಇದಕ್ಕೊಂದು ಬೀಗವಿದೆ. ಆಧಾರ್ ಪ್ರಾಧಿಕಾರವೇ ಕೊಟ್ಟಿರುವ 'ಬಯೋಮೆಟ್ರಿಕ್ ಲಾಕ್'. ಎಂಆಧಾರ್ ಆ್ಯಪ್‌ನಲ್ಲಾಗಲಿ, ಪ್ರಾಧಿಕಾರದ ಜಾಲತಾಣದಲ್ಲಾಗಲಿ, ಆಧಾರ್ ಸೇವಾ ಕೇಂದ್ರದಲ್ಲಾಗಲಿ ಇದನ್ನು ಹಾಕಿಸಬಹುದು, ಹಣ ಕೊಡಬೇಕಾಗಿಲ್ಲ. ಆಧಾರ್‌ಗೆ ಜೋಡಿಸಿದ ಮೊಬೈಲ್ ಸಂಖ್ಯೆ ಚಾಲ್ತಿಯಲ್ಲಿರಬೇಕು, ಅಷ್ಟೇ. ಲಾಕ್ ಹಾಕಿದ ಮೇಲೆ ನಿಮ್ಮ ಬೆರಳಚ್ಚನ್ನು ಯಾರು ಎಲ್ಲಿ ಒತ್ತಿದರೂ ಕೆಲಸ ಆಗುವುದಿಲ್ಲ. ನಿಮಗೇ ಬೇಕಾದಾಗ ಸ್ವಲ್ಪ ಹೊತ್ತು ತೆಗೆದು ಮತ್ತೆ ಹಾಕಬಹುದು. ಇದರಲ್ಲಿ ಒಂದು ಕಷ್ಟವಿದೆ, ಅದನ್ನೂ ಹೇಳುತ್ತೇನೆ. ತಿಂಗಳು ತಿಂಗಳು ಪಡಿತರಕ್ಕೆ ಬೆರಳು ಕೊಡುವ ಅಜ್ಜಿಗೆ ಲಾಕ್ ತೆಗೆದು ಹಾಕಿ ಮಾಡಲು ಮನೆಯಲ್ಲೊಬ್ಬರು ಬೇಕು. ಅಂಥವರು ದೊಡ್ಡ ಮೊತ್ತವನ್ನು ಆಧಾರ್ ಜೋಡಿಸಿದ ಉಳಿತಾಯ ಖಾತೆಯಲ್ಲಿ ಇಡದೆ ಠೇವಣಿ ಮಾಡುವುದು ಮೇಲು. ಬೆರಳಿನಿಂದ ಹಣ ತೆಗೆಯುವ ಸೌಲಭ್ಯವೇ ಬೇಡವೆಂದು ಬರೆದುಕೊಟ್ಟರೆ ಹಲವು ಬ್ಯಾಂಕುಗಳು ಅದನ್ನು ನಿಲ್ಲಿಸುತ್ತವೆ. ಯಾರಿಗಾದರೂ ಆಧಾರ್ ಜೆರಾಕ್ಸ್ ಕೊಡುವಾಗ ಮೊದಲ ಎಂಟು ಅಂಕಿ ಮರೆಮಾಡಿದ ಪ್ರತಿ ಕೊಡಬಹುದು. ಪ್ರಾಧಿಕಾರದ ಜಾಲತಾಣದಲ್ಲಿ ಅಂಥ ಪ್ರತಿಯೇ ಸಿಗುತ್ತದೆ.

ಈಗ ಕಾನೂನಿಗೆ ಬರೋಣ. ನಮ್ಮ ದೇಶದ ಮಾಹಿತಿ ತಂತ್ರಜ್ಞಾನ ಕಾಯ್ದೆ 2000ನೇ ಇಸವಿಯದು. ಆ ವರ್ಷ ಅಕ್ಟೋಬರ್ 17ರಂದು ಜಾರಿಗೆ ಬಂತು. 2008ರಲ್ಲಿ ದೊಡ್ಡ ತಿದ್ದುಪಡಿಯಾಯಿತು, ಅದು 2009ರ ಅಕ್ಟೋಬರ್‌ನಲ್ಲಿ ಜಾರಿಯಾಯಿತು. ಈ ಕಾಯ್ದೆಯ ಜೀವ ಇರುವುದು ಒಂದು ಪದದಲ್ಲಿ, 'ಅನುಮತಿ'. ಯಂತ್ರದ ಮಾಲೀಕರ ಅಥವಾ ಅದರ ಹೊಣೆ ಹೊತ್ತವರ ಅನುಮತಿ ಇಲ್ಲದೆ ಅದರೊಳಗೆ ಹೋಗುವುದು, ಅದರಲ್ಲಿರುವುದನ್ನು ನಕಲು ಮಾಡಿಕೊಳ್ಳುವುದು, ವೈರಸ್ ಬಿಡುವುದು, ಕೆಡಿಸುವುದು, ಅಳಿಸುವುದು, ಹಕ್ಕುಳ್ಳವರಿಗೇ ಬಾಗಿಲು ಮುಚ್ಚುವುದು, ಇವೆಲ್ಲ 43ನೇ ಕಲಮಿನಲ್ಲಿ ತಪ್ಪು. ಕಂಪ್ಯೂಟರ್ ಎಂದರೆ ಮೇಜಿನ ಮೇಲಿನ ಪೆಟ್ಟಿಗೆ ಮಾತ್ರ ಎಂದುಕೊಳ್ಳಬೇಡಿ, ನಿಮ್ಮ ಜೇಬಿನ ಮೊಬೈಲೂ ಅದರಲ್ಲಿ ಸೇರುತ್ತದೆ.

ಹೊಲದ ಬದುವಿನ ಲೆಕ್ಕದಲ್ಲಿ ನೋಡಿ. ಬೇಲಿ ಇಲ್ಲ ಎಂದ ಮಾತ್ರಕ್ಕೆ ಪಕ್ಕದವರ ಹೊಲದಲ್ಲಿ ಉಳುಮೆ ಮಾಡುವಂತಿಲ್ಲ. ಹಾಗೆಯೇ ಫೋನಿಗೆ ಪಾಸ್‌ವರ್ಡ್ ಇಲ್ಲ ಎಂದ ಮಾತ್ರಕ್ಕೆ ಅದು ಎಲ್ಲರದ್ದೂ ಆಗುವುದಿಲ್ಲ. ನಷ್ಟವಾದವರು 43ರ ಅಡಿಯಲ್ಲಿ ಪರಿಹಾರ ಕೇಳಬಹುದು. 5 ಕೋಟಿ ರೂಪಾಯಿವರೆಗಿನ ಇಂಥ ಅರ್ಜಿಯನ್ನು ರಾಜ್ಯದ ಮಾಹಿತಿ ತಂತ್ರಜ್ಞಾನ ಇಲಾಖೆಯ ಕಾರ್ಯದರ್ಶಿಯವರೇ ನ್ಯಾಯನಿರ್ಣಯ ಅಧಿಕಾರಿಯಾಗಿ ಕೇಳುತ್ತಾರೆ. ಅದೇ ಕೆಲಸವನ್ನು ಮೋಸದ ಉದ್ದೇಶದಿಂದ ಮಾಡಿದರೆ 66ನೇ ಕಲಮಿನಂತೆ ಮೂರು ವರ್ಷದವರೆಗೆ ಸೆರೆ, 5 ಲಕ್ಷದವರೆಗೆ ದಂಡ, ಅಥವಾ ಎರಡೂ.

ಇದರ ಬೆನ್ನಿಗೇ ನಾಲ್ಕು ಸಣ್ಣ ಕಲಮುಗಳಿವೆ. ನಮಗೆ ದಿನ ಬೆಳಗಾದರೆ ಬೇಕಾಗುವಂಥವು. 66ಬಿ: ಕದ್ದ ಮೊಬೈಲ್ ಎಂದು ಗೊತ್ತಿದ್ದೂ ಕೊಂಡರೆ ಅಪರಾಧ. 66ಸಿ: ಬೇರೆಯವರ ಪಾಸ್‌ವರ್ಡ್, ಡಿಜಿಟಲ್ ಸಹಿ, ಅವರ ವಿಶಿಷ್ಟ ಗುರುತು ಬಳಸಿದರೆ ಅಪರಾಧ, ಹೆಬ್ಬೆಟ್ಟಿನ ಕಳ್ಳತನ ಇಲ್ಲಿಗೇ ಬರುತ್ತದೆ. 66ಡಿ: ಬ್ಯಾಂಕಿನವನು, ಪೊಲೀಸಿನವನು ಎಂದು ಫೋನಿನಲ್ಲಿ ವೇಷ ಹಾಕಿ ಮೋಸ ಮಾಡಿದರೆ ಅಪರಾಧ. 66ಇ: ಒಬ್ಬರ ಖಾಸಗಿ ಅಂಗಾಂಗದ ಚಿತ್ರವನ್ನು ಒಪ್ಪಿಗೆಯಿಲ್ಲದೆ ತೆಗೆದರೆ, ಹಂಚಿದರೆ ಅಪರಾಧ. ನಾಲ್ಕಕ್ಕೂ ಮೂರು ವರ್ಷದವರೆಗೆ ಶಿಕ್ಷೆ ಇದೆ. ಮಕ್ಕಳ ಅಶ್ಲೀಲ ಚಿತ್ರವಾದರೆ 67ಬಿ; ಮೊದಲ ಸಲಕ್ಕೇ ಐದು ವರ್ಷದವರೆಗೆ. ಮುಂದಿನ ಸಾಲಿನ ಹುಡುಗರು ಇದನ್ನು ಚೆನ್ನಾಗಿ ಕೇಳಿಸಿಕೊಳ್ಳಿ. 'ತಮಾಷೆಗೆ ಫಾರ್ವರ್ಡ್ ಮಾಡಿದೆ ಸಾರ್' ಎಂಬ ಮಾತನ್ನು ಯಾವ ನ್ಯಾಯಾಧೀಶರೂ ತಮಾಷೆಯಾಗಿ ಕೇಳುವುದಿಲ್ಲ.

ಈ ವಿಚಾರದಲ್ಲಿ ಕರ್ನಾಟಕ ಹಿಂದೆ ಬಿದ್ದ ರಾಜ್ಯವಲ್ಲ. ಸೈಬರ್ ಅಪರಾಧಕ್ಕೆಂದೇ ಪ್ರತ್ಯೇಕ ಪೊಲೀಸ್ ಠಾಣೆ 2001ರಲ್ಲೇ ಬೆಂಗಳೂರಿನಲ್ಲಿ ಶುರುವಾಯಿತು. ಈಗ ನಮ್ಮ ಜಿಲ್ಲೆಗೂ ಒಂದು ಸಿಇಎನ್ ಠಾಣೆ ಇದೆ. ಇನ್ನೂ ಹತ್ತಿರದ ಉದಾಹರಣೆ ಬೇಕಾದರೆ 'ಭೂಮಿ' ಯೋಜನೆ. ಮೊದಲು ಪಹಣಿ ಇದ್ದದ್ದು ಗ್ರಾಮ ಲೆಕ್ಕಿಗರ ಕೈಬರಹದ ಪುಸ್ತಕದಲ್ಲಿ. ಒಂದು ಹೆಸರು ಹೊಡೆದು ಇನ್ನೊಂದು ಬರೆದರೆ ಯಾರು ಬರೆದರು, ಯಾವಾಗ ಬರೆದರು ಎಂದು ಹೇಳುವವರಿಲ್ಲ. ಸುಮಾರು 67 ಲಕ್ಷ ರೈತರ 2 ಕೋಟಿ ಪಹಣಿಗಳನ್ನು ಕಂಪ್ಯೂಟರಿಗೆ ಏರಿಸಿದಾಗ, ಆ ಯಂತ್ರದ ಮುಂದೆ ಕೂರುವ ನೌಕರರು ತಮ್ಮ ಬೆರಳಚ್ಚು ಕೊಟ್ಟೇ ಒಳಗೆ ಹೋಗುವಂತೆ ಮಾಡಿದರು. ಯಾರು ತಿದ್ದಿದರೋ ಅವರ ಗುರುತು ಉಳಿಯುತ್ತದೆ. 'ನಾನಲ್ಲ, ಇನ್ಯಾರೋ' ಎನ್ನಲಾಗದು. ಬೆರಳನ್ನು ಹೀಗೂ ಬಳಸಬಹುದು. ಅಧಿಕಾರ ಇದ್ದವರ ಬೆರಳಿಗೆ ಲೆಕ್ಕ ಇಟ್ಟರೆ ಜನರಿಗೆ ರಕ್ಷಣೆ. ಜನರ ಬೆರಳನ್ನು ಕಾಯದೆ ಬಿಟ್ಟರೆ ಕಳ್ಳರಿಗೆ ಸುಗ್ಗಿ.

ಕಾನೂನು ಕಳ್ಳನನ್ನು ಮಾತ್ರ ಕಟ್ಟಿಹಾಕಿದರೆ ಸಾಲದು, ಸರ್ಕಾರವನ್ನೂ ಕಟ್ಟಬೇಕು. ಹಿರಿಯರಿಗೆ ನೆನಪಿರುತ್ತದೆ. 1988ರ ಆಗಸ್ಟ್‌ನಲ್ಲಿ ರಾಮಕೃಷ್ಣ ಹೆಗಡೆಯವರು ಮುಖ್ಯಮಂತ್ರಿ ಸ್ಥಾನ ಬಿಟ್ಟದ್ದು ದೂರವಾಣಿ ಕದ್ದಾಲಿಕೆಯ ಆರೋಪದ ಮೇಲೆ. ಆಗ ನಮ್ಮ ಹಳ್ಳಿಗಳಲ್ಲಿ ಫೋನು ಇದ್ದ ಮನೆ ಬೆರಳೆಣಿಕೆಯಷ್ಟು. ಆದರೂ ಚಹಾ ಅಂಗಡಿಯಲ್ಲಿ ಅದೇ ಮಾತು. 1996ರಲ್ಲಿ ಸುಪ್ರೀಂ ಕೋರ್ಟು ಪಿಯುಸಿಎಲ್ ಪ್ರಕರಣದಲ್ಲಿ ಕದ್ದಾಲಿಕೆಗೆ ನಿಯಮ ಹಾಕಿತು: ಗೃಹ ಕಾರ್ಯದರ್ಶಿ ಮಟ್ಟದವರ ಆದೇಶ ಬೇಕು, ಅದನ್ನು ಸಮಿತಿಯೊಂದು ಪರಿಶೀಲಿಸಬೇಕು.

ಆಮೇಲೆ ಬಂದದ್ದು ನಮ್ಮವರೇ ಒಬ್ಬರ ಪ್ರಕರಣ. ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರು 2012ರಲ್ಲಿ ಆಧಾರ್ ಪ್ರಶ್ನಿಸಿ ಸುಪ್ರೀಂ ಕೋರ್ಟಿಗೆ ಹೋದರು. ಎಂಬತ್ತು ದಾಟಿದ ವಯಸ್ಸು. ಮನೆಯಲ್ಲಿ ಮೊಮ್ಮಕ್ಕಳ ಜೊತೆ ಇರಬಹುದಿತ್ತು. 2017ರ ಆಗಸ್ಟ್ 24ರಂದು ಒಂಬತ್ತು ನ್ಯಾಯಮೂರ್ತಿಗಳು ಒಮ್ಮತದಿಂದ ಹೇಳಿದರು: ಖಾಸಗಿತನ ಮೂಲಭೂತ ಹಕ್ಕು. ಮರುವರ್ಷ ಸೆಪ್ಟೆಂಬರ್ 26ರಂದು ಆಧಾರ್ ಕಾಯ್ದೆಯನ್ನು ಉಳಿಸಿಕೊಂಡರೂ, ಖಾಸಗಿ ಕಂಪನಿಗಳು ಆಧಾರ್ ಕೇಳಲು ಆಸರೆಯಾಗಿದ್ದ ಭಾಗವನ್ನು ಕೋರ್ಟು ತೆಗೆದುಹಾಕಿತು. ಇಂದು ನೀವು 'ನನ್ನ ಬೆರಳು, ನನ್ನ ಫೋನು, ನನ್ನ ಮಾಹಿತಿ' ಎಂದು ಹೇಳಿದರೆ ಆ ಮಾತಿಗೆ ಸಂವಿಧಾನದ ಬಲ ಇದೆ. ಆ ಬಲ ತಂದುಕೊಟ್ಟ ಅರ್ಜಿಯ ಮೇಲೆ ಒಬ್ಬ ಕನ್ನಡ ನಾಡಿನ ಹಿರಿಯರ ಹೆಸರಿದೆ ಎಂಬುದು ಈ ಶಾಲೆಯ ಮಕ್ಕಳಿಗೆ ಗೊತ್ತಿರಬೇಕು.

ಇನ್ನೊಂದು ತೀರ್ಪು ನಮ್ಮ ಹೈಕೋರ್ಟಿನದೇ. ವೀರೇಂದ್ರ ಖನ್ನಾ ಪ್ರಕರಣ, 2021ರ ಮಾರ್ಚ್ 12. ತನಿಖೆಯ ಹೊತ್ತಿನಲ್ಲಿ ಪೊಲೀಸರು ಫೋನಿನ ಪಾಸ್‌ವರ್ಡ್ ಕೇಳಬಹುದು. ಆ ವ್ಯಕ್ತಿ ಕೊಡದಿದ್ದರೆ ತಾವೇ ಬಲವಂತ ಮಾಡದೆ ನ್ಯಾಯಾಲಯಕ್ಕೆ ಹೋಗಿ ಶೋಧನಾ ವಾರಂಟ್ ಪಡೆಯಬೇಕು ಎಂದು ನ್ಯಾಯಮೂರ್ತಿ ಸೂರಜ್ ಗೋವಿಂದರಾಜ್ ಅವರು ಹೇಳಿದರು. ಫೋನು, ಕಂಪ್ಯೂಟರುಗಳನ್ನು ಜಪ್ತಿ ಮಾಡುವಾಗ ಹೇಗೆ ನಡೆದುಕೊಳ್ಳಬೇಕೆಂದೂ ಸೂಚನೆ ಕೊಟ್ಟರು. ಇದನ್ನು ಪೊಲೀಸರ ಮೇಲಿನ ದ್ವೇಷಕ್ಕೆ ಹೇಳುತ್ತಿಲ್ಲ. ಕೇಳಲು ಒಂದು ದಾರಿ ಇದೆ, ಆ ದಾರಿಯಲ್ಲೇ ಬರಬೇಕು ಎಂದಷ್ಟೇ.

ಈಗ ಸ್ವಲ್ಪ ಕಷ್ಟದ ಮಾತು. ಪೊಲೀಸರಿಗೂ ವಾರಂಟ್ ಬೇಕು ಎಂದಾಗ ಎಲ್ಲರೂ ಚಪ್ಪಾಳೆ ತಟ್ಟಿದಿರಿ. ಮನೆಯಲ್ಲಿ ಹೇಗಿದ್ದೀರಿ? ತಂಗಿಯ ಫೋನು ಕಿತ್ತುಕೊಂಡು ನೋಡುವ ಅಣ್ಣ, ಹೆಂಡತಿಯ ಎಟಿಎಂ ಕಾರ್ಡನ್ನು ತನ್ನ ಜೇಬಲ್ಲೇ ಇಟ್ಟುಕೊಳ್ಳುವ ಗಂಡ, ಅತ್ತೆಯ ಪಿಂಚಣಿಯನ್ನು ಅವಳಿಗೆ ಹೇಳದೆ ತೆಗೆಯುವ ಸೊಸೆ ನಮ್ಮಲ್ಲಿ ಇಲ್ಲವೇ? ಗೃಹಲಕ್ಷ್ಮಿಯ 2,000 ರೂಪಾಯಿ ಹೆಣ್ಣುಮಗಳ ಖಾತೆಗೆ ಬಂದರೂ ಪಿನ್ ಯಾರ ಬಾಯಲ್ಲಿದೆ? ಚಿಕ್ಕ ಮಕ್ಕಳ ಫೋನನ್ನು ತಂದೆ ತಾಯಿ ನೋಡುವುದು ಬೇರೆ, ಅದು ಹೊಣೆ. ದೊಡ್ಡವರ ಫೋನನ್ನು ಅವರ ಒಪ್ಪಿಗೆ ಇಲ್ಲದೆ ತೆಗೆಯುವುದು ಬೇರೆ. ಕಾಯ್ದೆ 'ಅನುಮತಿ' ಎಂದಾಗ ನೆಂಟರಿಗೆ ವಿನಾಯಿತಿ ಎಂದು ಬರೆದಿಲ್ಲ.

ಮಹಾರಾಷ್ಟ್ರದ ಶನಿ ಶಿಂಗಣಾಪುರದಲ್ಲಿ ಮನೆಗಳಿಗೆ ಬಾಗಿಲು, ಬೀಗ ಇಡದ ಸಂಪ್ರದಾಯವಿದೆ. ಶನಿದೇವರೇ ಕಾಯುತ್ತಾನೆಂಬ ನಂಬಿಕೆ. 2011ರಲ್ಲಿ ಅಲ್ಲಿ ಬ್ಯಾಂಕ್ ಶಾಖೆ ತೆರೆದಾಗಲೂ ಕಣ್ಣಿಗೆ ಕಾಣುವ ಬೀಗ ಹಾಕಲಿಲ್ಲವಂತೆ. ನಾವೂ ಶನಿಮಹಾತ್ಮನ ಸನ್ನಿಧಿಯ ಊರಿನವರೇ. ಶನಿವಾರ ಬಂದರೆ ನಮ್ಮ ರಸ್ತೆಯಲ್ಲಿ ಕಾಲಿಡಲು ಜಾಗ ಇರುವುದಿಲ್ಲ. ಎಳ್ಳಿನ ದೀಪ ಹಚ್ಚೋಣ, ಬೇಡ ಅನ್ನುವವರು ಯಾರು? ಆದರೆ ಬೀಗವಿಲ್ಲದ ಊರು ನಿಂತಿದ್ದು ಕಳ್ಳನಿಗೂ ಅದೇ ದೇವರ ಭಯ ಇದ್ದದ್ದರಿಂದ. ನಮ್ಮ ಖಾತೆಗೆ ಕೈ ಹಾಕುವವನು ಎರಡು ಸಾವಿರ ಕಿಲೋಮೀಟರ್ ದೂರದಲ್ಲಿ ಕುಳಿತಿದ್ದಾನೆ. ಅವನಿಗೆ ನಮ್ಮ ಊರಿನ ದೇವರ ಪರಿಚಯವಿಲ್ಲ.

ಮಕ್ಕಳೇ, ಈ ಮಾತು ನಿಮಗೆ. ಕಾಲೇಜಿಗೆ ಹೋಗುವ ಹುಡುಗರ ಹತ್ತಿರ ಯಾರೋ ಬರುತ್ತಾರೆ. 'ನಿನ್ನ ಹೆಸರಲ್ಲಿ ಒಂದು ಖಾತೆ ತೆಗೆದುಕೊಡು, ಸಿಮ್ ತೆಗೆದುಕೊಡು, ಎರಡು ಮೂರು ಸಾವಿರ ಕೊಡ್ತೀನಿ, ನೀನೇನೂ ಮಾಡ್ಬೇಕಾಗಿಲ್ಲ' ಎನ್ನುತ್ತಾರೆ. ಎಲ್ಲೋ ಒಬ್ಬ ಮುದುಕರ ಜೀವಮಾನದ ಉಳಿತಾಯ ಆ ಖಾತೆಯ ಮೂಲಕ ಹಾದುಹೋಗುತ್ತದೆ. ಬೇರೆ ರಾಜ್ಯದ ಪೊಲೀಸರು ಹುಡುಕಿಕೊಂಡು ಬರುವುದು ಖಾತೆಯ ಹೆಸರಿನವನ ಮನೆಗೆ. ಇಂಥ ಹುಡುಗನ ತಂದೆಯೊಬ್ಬರು ನನ್ನ ಕಚೇರಿಯಲ್ಲಿ ಕುಳಿತು ಅತ್ತದ್ದನ್ನು ನೋಡಿದ್ದೇನೆ. ಡೇರಿಗೆ ಹಾಲು ಹಾಕಿ ಮಗನನ್ನು ಓದಿಸಿದವರು. 'ನನ್ನ ಮಗ ಒಂದು ರೂಪಾಯಿ ಕದ್ದೋನಲ್ಲ ಸ್ವಾಮಿ' ಎಂದರು. ನಿಜ, ಅವನು ಕದ್ದಿರಲಿಲ್ಲ. ಕದಿಯಲು ಬಾಗಿಲು ಬಾಡಿಗೆಗೆ ಕೊಟ್ಟಿದ್ದ. ನಿಮ್ಮ ಹೆಸರಿನಲ್ಲಿ ಎಷ್ಟು ಸಿಮ್ ಇವೆ ಎಂದು ಕೇಂದ್ರ ಸರ್ಕಾರದ 'ಸಂಚಾರ್ ಸಾಥಿ' ಜಾಲತಾಣದಲ್ಲಿ ಈಗಲೇ ನೋಡಬಹುದು. ನಿಮ್ಮದಲ್ಲದ್ದು ಇದ್ದರೆ ಅಲ್ಲೇ ತಿಳಿಸಬಹುದು.

ಫೋನು ಕಳೆದರೆ ಏನು ಮಾಡಬೇಕು? ಪ್ರತಿ ಫೋನಿಗೂ 15 ಅಂಕಿಯ ಐಎಂಇಐ ಸಂಖ್ಯೆ ಇದೆ. *#06# ಒತ್ತಿದರೆ ಕಾಣುತ್ತದೆ. ಇವತ್ತೇ ಬರೆದು ಮನೆಯಲ್ಲಿಡಿ. ಫೋನಿನೊಳಗೇ ಬರೆದಿಟ್ಟರೆ ಕೊಡ ಬಾವಿಗೆ ಬಿದ್ದ ಮೇಲೆ ಹಗ್ಗ ಅದರೊಳಗಿದೆ ಎಂದಂತೆ. ಕಳೆದ ಕೂಡಲೇ ಪೊಲೀಸ್ ದೂರು ಕೊಟ್ಟು, ಅದೇ ನಂಬರಿನ ಹೊಸ ಸಿಮ್ ಪಡೆದು, ಸಿಇಐಆರ್ ವ್ಯವಸ್ಥೆಯಲ್ಲಿ ದಾಖಲಿಸಿದರೆ ಆ ಫೋನು ದೇಶದ ಯಾವ ಜಾಲದಲ್ಲೂ ನಡೆಯದಂತೆ ತಡೆಯುತ್ತಾರೆ. 2023ರ ಮೇ ತಿಂಗಳಿಂದ ಇದು ದೇಶಕ್ಕೆಲ್ಲ ಇದೆ. ಹಳೆ ಫೋನು ಕೊಳ್ಳುವವರು ಬಿಲ್ಲು ಕೇಳಿ. ಇಂಗ್ಲಿಷಿನ ಕೆ, ವೈ, ಎಂ ಅಕ್ಷರ ಬರೆದು, ಜಾಗ ಬಿಟ್ಟು, ಐಎಂಇಐ ಸಂಖ್ಯೆ ಸೇರಿಸಿ 14422ಕ್ಕೆ ಎಸ್ಎಂಎಸ್ ಕಳಿಸಿ ನೋಡಿ. ಐಎಂಇಐ ಅಳಿಸಿ ಬೇರೆ ಹಾಕಿಕೊಡುತ್ತೇನೆ ಎನ್ನುವವರ ಸಹವಾಸ ಬೇಡ. 2023ರ ದೂರಸಂಪರ್ಕ ಕಾಯ್ದೆಯಲ್ಲಿ ಅದಕ್ಕೆ ಮೂರು ವರ್ಷದವರೆಗೆ ಸೆರೆ, 50 ಲಕ್ಷ ರೂಪಾಯಿವರೆಗೆ ದಂಡ ಇದೆ. ವಾಟ್ಸಾಪ್‌ನಲ್ಲಿ ಮದುವೆ ಕರೆಯೋಲೆ ಎಂದು ಎಪಿಕೆ ಕಡತ ಬಂದರೆ ತೆರೆಯಬೇಡಿ. ಅದು ಕರೆಯೋಲೆಯಲ್ಲ, ನಿಮ್ಮ ಫೋನಿನ ಸಂದೇಶಗಳನ್ನೆಲ್ಲ ಓದಲು ಬಂದ ಕಳ್ಳ ಆ್ಯಪ್.

ಹಣ ಹೋದರೆ ಮೊದಲು ಮಾಡಬೇಕಾದದ್ದು 1930ಕ್ಕೆ ಕರೆ. ಆ ನಂತರ ಬ್ಯಾಂಕಿಗೆ ಲಿಖಿತ ದೂರು, ಸ್ವೀಕೃತಿಯ ಸಮೇತ. ರಿಸರ್ವ್ ಬ್ಯಾಂಕ್ 2017ರ ಜುಲೈ 6ರಂದು ಹೊರಡಿಸಿದ ಸುತ್ತೋಲೆ ಹೀಗೆ ಹೇಳುತ್ತದೆ: ಗ್ರಾಹಕರ ತಪ್ಪಿಲ್ಲದೆ ಮೂರನೆಯವರಿಂದ ಹಣ ಹೋಗಿ, ಬ್ಯಾಂಕಿನಿಂದ ಮಾಹಿತಿ ಬಂದ ಮೂರು ಕೆಲಸದ ದಿನಗಳೊಳಗೆ ದೂರು ಕೊಟ್ಟರೆ ಗ್ರಾಹಕರ ಹೊಣೆ ಸೊನ್ನೆ. ನಾಲ್ಕರಿಂದ ಏಳು ದಿನವಾದರೆ ಸ್ವಲ್ಪ ಹೊಣೆ ಗ್ರಾಹಕರಿಗೆ. ಸಾಮಾನ್ಯ ಉಳಿತಾಯ ಖಾತೆಗೆ ಹೆಚ್ಚೆಂದರೆ 10,000 ರೂಪಾಯಿ. ಏಳು ದಿನ ದಾಟಿದರೆ ಬ್ಯಾಂಕಿನ ಧೋರಣೆಯಂತೆ. ಗ್ರಾಹಕರದೇ ತಪ್ಪು ಎಂದು ಸಾಬೀತು ಮಾಡುವ ಭಾರ ಬ್ಯಾಂಕಿನ ಮೇಲಿದೆ. ಆದರೆ ಪಿನ್, ಓಟಿಪಿ ನಾವೇ ಹೇಳಿಕೊಟ್ಟಿದ್ದರೆ, ದೂರು ಕೊಡುವವರೆಗಿನ ನಷ್ಟ ನಮ್ಮದೇ.

ಮೂರು ದಿನ ಎಂಬುದನ್ನು ನಾನು ಒತ್ತಿ ಹೇಳಲು ಕಾರಣವಿದೆ. ಒಬ್ಬ ತಾಯಿ ನನ್ನ ಬಳಿ ಬಂದರು. ಮೂರು ಸಲ ಹತ್ತು ಹತ್ತು ಸಾವಿರ ಹೋಗಿತ್ತು. ಯಾವಾಗ ಅಮ್ಮ ಎಂದೆ. 'ಇಪ್ಪತ್ತು ದಿನ ಆಯ್ತು ಸ್ವಾಮಿ. ಮಕ್ಕಳಿಗೆ ಹೇಳಿದ್ರೆ ನೀನೇ ಏನೋ ಒತ್ತಿರ್ತೀಯ ಅಂತ ಬೈತಾರೆ. ಅದಕ್ಕೇ ಸುಮ್ನಿದ್ದೆ' ಎಂದರು. ಅವರು ಏನನ್ನೂ ಒತ್ತಿರಲಿಲ್ಲ. ಸೊನ್ನೆ ಹೊಣೆಯ ಮೂರು ದಿನವೂ ಹೋಗಿತ್ತು, ಏಳು ದಿನವೂ ಹೋಗಿತ್ತು. ಆಮೇಲೆ ಅರ್ಜಿ, ಓಡಾಟ, ಒಂದು ವರ್ಷ. ಅರ್ಧದಷ್ಟು ಬಂತು. ಕಳ್ಳ ತೆಗೆದದ್ದು ಮೂವತ್ತು ಸಾವಿರ. ಬೈಗುಳದ ಭಯ ಅದರಲ್ಲಿ ಅರ್ಧವನ್ನು ನುಂಗಿತು. ಆದ್ದರಿಂದ ಗಂಡುಮಕ್ಕಳಿಗೆ, ಹೆಣ್ಣುಮಕ್ಕಳಿಗೆ ನನ್ನ ಕೈಮುಗಿದ ಕೋರಿಕೆ: ಮನೆಯ ಹಿರಿಯರು 'ದುಡ್ಡು ಹೋಯ್ತು' ಎಂದಾಗ ಮೊದಲ ಮಾತು ಬೈಗುಳ ಆಗದಿರಲಿ, ಮೊದಲ ಕೆಲಸ ಫೋನ್ ಕರೆ ಆಗಲಿ.

ಠಾಣೆಗೆ ಹೋಗಲು ಹೆದರಬೇಡಿ. 2024ರ ಜುಲೈ 1ರಿಂದ ಜಾರಿಗೆ ಬಂದ ನಾಗರಿಕ ಸುರಕ್ಷಾ ಸಂಹಿತೆಯಂತೆ ಅಪರಾಧ ಎಲ್ಲೇ ನಡೆದಿರಲಿ, ಹತ್ತಿರದ ಠಾಣೆಯಲ್ಲಿ ದೂರು ಕೊಡಬಹುದು. ಆನ್‌ಲೈನ್‌ನಲ್ಲೂ ಮಾಹಿತಿ ಕೊಟ್ಟು ಮೂರು ದಿನದೊಳಗೆ ಸಹಿ ಹಾಕಬಹುದು.

ಕೊನೆಯದಾಗಿ ಶಾಲೆಗೂ ಹಳೆಯ ವಿದ್ಯಾರ್ಥಿಗಳ ಸಂಘಕ್ಕೂ ಒಂದು ಸಲಹೆ. ಐವತ್ತು ವರ್ಷದ ನೆನಪಿಗೆ ಕಮಾನು ಕಟ್ಟೋಣ, ಕಲ್ಲು ನೆಡೋಣ. ಅದರ ಜೊತೆಗೆ ತಿಂಗಳಿಗೊಂದು ಭಾನುವಾರ ಎರಡು ಗಂಟೆ ಇದೇ ಶಾಲೆಯ ಒಂದು ಕೊಠಡಿ ತೆರೆದಿಡೋಣ. ಒಂಬತ್ತು, ಹತ್ತನೇ ತರಗತಿಯ ಮಕ್ಕಳು ಮೇಷ್ಟ್ರ ಮುಂದೆ, ಹಿರಿಯರು ತಮ್ಮ ಫೋನನ್ನು ತಮ್ಮ ಕೈಯಲ್ಲೇ ಹಿಡಿದಿರುವಾಗ, ಆಧಾರ್ ಲಾಕ್ ಹಾಕುವುದನ್ನು ಹೇಳಿಕೊಡಲಿ, ಐಎಂಇಐ ಬರೆದುಕೊಡಲಿ, 1930 ಎಂದು ಫೋನಿನ ಹಿಂಬದಿಗೆ ಚೀಟಿ ಅಂಟಿಸಲಿ. ಪಿನ್ ಮಾತ್ರ ಕೇಳಬಾರದು, ಹೇಳಲೂಬಾರದು. ಅದು ಆ ಕೊಠಡಿಯ ಮೊದಲ ಪಾಠ. ಮೊದಲ ನಾಲ್ಕು ಭಾನುವಾರ ಬಂದು ಕೂರಲು ನಾನು ಸಿದ್ಧ, ಶುಲ್ಕ ಇಲ್ಲ. ಮುಖ್ಯೋಪಾಧ್ಯಾಯರು ದಿನ ಗೊತ್ತುಮಾಡಿದರೆ ಸಾಕು.

ಅಡುಗೆಮನೆ ಕಡೆಯಿಂದ ವಾಸನೆ ಬರುತ್ತಿದೆ, ಸಮಿತಿಯವರು ಗಡಿಯಾರ ನೋಡುತ್ತಿದ್ದಾರೆ.